ಗಾಡಿ ನಿಲ್ಲಿಸಿ ಬರ್ತೀನಿ

ಬ್ಯಾಸ್ಕೆಟ್‌ಬಾಲ್ ಪಂದ್ಯದ ದಿನ ಕಾರು ನಿಲ್ಲಿಸಲು ದುಡ್ಡು ಕೊಡುವವರನ್ನು ಕಂಡರೆ ಡೆಲ್ಬರ್ಟ್ ಕೆಸ್ಲರ್‌ಗೆ ಕನಿಕರ ಬರುತ್ತಿತ್ತು. ದೇವರು ತಲೆ ಕೊಟ್ಟಿದ್ದರೂ ಉಪಯೋಗಿಸದವರ ಬಗ್ಗೆ ಬರುವಂಥ ಕನಿಕರ. ಅವನನ್ನು ಜುಗ್ಗ ಎಂದು ನಾವೆಲ್ಲ ಬೆನ್ನ ಹಿಂದೆ ಆಡಿಕೊಂಡವರೇ, ಮುಖದೆದುರೂ ಆಡಿಕೊಂಡವರೇ. ಆದರೆ ಅದರಲ್ಲಿ ಜುಗ್ಗತನಕ್ಕಿಂತ ಹೆಮ್ಮೆಯ ಪಾಲು ದೊಡ್ಡದಿತ್ತು. ಜಿಲ್ಲೆಯ ರಸ್ತೆ ಇಲಾಖೆಯಲ್ಲಿ ಬೇಸಿಗೆ ಬಂದರೆ ಗುಂಡಿ ಮುಚ್ಚುತ್ತ, ಚಳಿಗಾಲ ಬಂದರೆ ಹಿಮ ತಳ್ಳುವ ಲಾರಿ ಓಡಿಸುತ್ತ ಆಯುಸ್ಸು ಕಳೆದವನು. ಮಿಲ್‌ಬರ್ನ್ ಊರಿನ ಯಾವ ಓಣಿ ಎಲ್ಲಿ ಹುಟ್ಟಿ ಎಲ್ಲಿ ಸಾಯುತ್ತದೆ ಎಂಬುದು ಅವನಿಗೆ ಅಂಗೈಯ ಗೆರೆಯಷ್ಟು ಪರಿಚಯ. ಅಂಥವನು ತನ್ನದೇ ಊರಿನಲ್ಲಿ ಗಾಡಿ ನಿಲ್ಲಿಸಲು ಇಪ್ಪತ್ತು ಡಾಲರ್ ಬಿಚ್ಚುವುದೆಂದರೆ!

ಪಂದ್ಯ ಎಂದರೆ ನಮ್ಮ ಇಂಡಿಯಾನಾದಲ್ಲಿ ಬರೀ ಪಂದ್ಯವಲ್ಲ. ಚರ್ಚಿಗೆ ಚಕ್ಕರ್ ಹೊಡೆದವನನ್ನು ಪಾದ್ರಿಗಳು ಕ್ಷಮಿಸುತ್ತಾರೆ, ವಿಶ್ವವಿದ್ಯಾಲಯದ ಪಂದ್ಯಕ್ಕೆ ಟಿಕೆಟ್ ಇದ್ದೂ ಹೋಗದವನನ್ನು ಪಾದ್ರಿಗಳೇ ಕ್ಷಮಿಸುವುದಿಲ್ಲ. ಡೆಲ್ಬರ್ಟ್ ಮತ್ತು ಅವನ ಹೆಂಡತಿ ಲವಾನ್ ಮದುವೆಯಾದ ಹೊಸತರಲ್ಲೇ ಇಡೀ ವರ್ಷದ ಟಿಕೆಟ್ ಕೊಂಡವರು. ಮೇಲಂತಸ್ತು, ಮೆಟ್ಟಿಲ ಪಕ್ಕದ ಎರಡು ಕುರ್ಚಿ. ಅಲ್ಲಿಂದ ಇಲ್ಲಿಯವರೆಗೆ ಕುರ್ಚಿ ಬದಲಾಗಿಲ್ಲ. ನಿಜ ಹೇಳಬೇಕೆಂದರೆ ಆಟದ ಹುಚ್ಚು ಲವಾನ್‌ಳದು. ಅವಳಪ್ಪ ದನದ ಕೊಟ್ಟಿಗೆಯ ಗೋಡೆಗೆ ಕಬ್ಬಿಣದ ಬಳೆ ಹೊಡೆದುಕೊಟ್ಟಿದ್ದ, ಅವಳು ಅಲ್ಲಿ ಚೆಂಡು ಹಾಕುತ್ತಲೇ ಬೆಳೆದವಳು. ಶಾಲೆಯ ಅಡುಗೆಮನೆಯಲ್ಲಿ ಮಕ್ಕಳಿಗೆ ಊಟ ಬಡಿಸುವಾಗಲೂ, ಹಿಂದಿನ ದಿನ ತರಬೇತುದಾರ ಯಾರನ್ನು ಯಾಕೆ ಹೊರಗೆ ಕೂರಿಸಬಾರದಾಗಿತ್ತು ಎಂದು ಹೇಳಿಯೇ ಬಡಿಸುತ್ತಿದ್ದಳು. ಡೆಲ್ಬರ್ಟ್ ಪಾಪ್‌ಕಾರ್ನ್ ತಿನ್ನಲು ಹೋಗುತ್ತಿದ್ದ, ಮತ್ತೆ ಅವಳು ರೆಫರಿಗೆ ಬೈಯುವುದನ್ನು ನೋಡಲು.

ಅವನ ಪಾಲಿನ ಆಟ ಹೊರಗಿತ್ತು. ಲವಾನ್‌ಳನ್ನು ದಕ್ಷಿಣದ ಬಾಗಿಲಲ್ಲಿ ಇಳಿಸುವುದು, ತಾನು ಹೋಗಿ ಬಿಟ್ಟಿ ಜಾಗದಲ್ಲಿ ಕಾರು ನಿಲ್ಲಿಸಿ ನಡೆದು ಬರುವುದು. ಪಶುವೈದ್ಯ ಕಾಲೇಜಿನ ಹಳೆಯ ಹುಲ್ಲಿನ ಗೋದಾಮಿನ ಹಿಂದೆ ಜಲ್ಲಿ ಹಾಕಿದ ಒಂದು ಬಯಲಿತ್ತು. ಬೋರ್ಡಿಲ್ಲ, ಕಾವಲಿಲ್ಲ, ಕೇಳುವವರಿಲ್ಲ. ಆ ಜಾಗದ ಗುಟ್ಟನ್ನು ಅವನು ಸ್ವಂತ ತಮ್ಮನಿಗೂ ಬಿಟ್ಟುಕೊಟ್ಟಿರಲಿಲ್ಲ.

ಹೆಂಡತಿಯನ್ನು ಬಾಗಿಲಲ್ಲಿ ಇಳಿಸುವುದು ಅವನೊಬ್ಬನ ಪದ್ಧತಿಯೇನಲ್ಲ, ನಮ್ಮ ಕಡೆಯ ಗಂಡಸರೆಲ್ಲರದು. ಚರ್ಚಿರಲಿ, ಆಸ್ಪತ್ರೆಯಿರಲಿ, ಪಂದ್ಯವಿರಲಿ, ಅವಳ ಕಾಲು ಹಿಮಕ್ಕೆ ತಗಲಬಾರದು. ಪ್ರೀತಿ ಗೀತಿ ಎಂದು ಬಾಯಿಬಿಟ್ಟು ಹೇಳಲು ಬಾರದ ಜನ ನಾವು. ಬಾಗಿಲಲ್ಲಿ ಇಳಿಸುತ್ತೇವೆ, ಅಷ್ಟರಲ್ಲಿ ಅವಳು ಅರ್ಥ ಮಾಡಿಕೊಳ್ಳಬೇಕು.

ಹೋದ ಬೇಸಿಗೆಯಲ್ಲಿ ದೊಡ್ಡಾಸ್ಪತ್ರೆಯ ಡಾಕ್ಟರು ಲವಾನ್‌ಳ ಮರೆವಿಗೆ ಒಂದು ಹೆಸರು ಕೊಟ್ಟರು. ಒಲೆ ಆರಿಸದೆ ಮಲಗಿದ್ದು, ಮೊಮ್ಮಗನ ಹೆಸರಿಗೆ ತಡಕಾಡಿದ್ದು, ತಾನೇ ಹತ್ತಾರು ವರ್ಷ ಕೆಲಸ ಮಾಡಿದ ಶಾಲೆಯ ಹಾದಿ ತಪ್ಪಿದ್ದು, ಎಲ್ಲಕ್ಕೂ ಸೇರಿ ಒಂದೇ ಹೆಸರು. ಊರಿಗೆ ಮರಳುವಾಗ ಲವಾನ್ ಬಹಳ ಹೊತ್ತು ಜೋಳದ ಹೊಲಗಳನ್ನು ನೋಡುತ್ತ ಕೂತಿದ್ದಳು.

"ಈ ಸೀಸನ್ ಮುಗಿಯೋ ತನಕ ಯಾರಿಗೂ ಹೇಳ್ಬೇಡ ಡೆಲ್," ಎಂದಳು ಆಮೇಲೆ. "ನಮ್ಮ ಸಾಲಿನೋರಿಗೆ ಗೊತ್ತಾದ್ರೆ ನನ್ನ ನೋಡೋ ರೀತಿನೇ ಬೇರೆ ಆಗತ್ತೆ. ನಾನು ರೆಫರಿಗೆ ಬೈದ್ರೆ, ಪಾಪ, ಕಾಯಿಲೆ ಅಂತಾರೆ."

"ಇಷ್ಟು ವರ್ಷ ಬೈದಿದ್ದೂ ಅದೇ ಕಾಯಿಲೆ ಅಂದ್ಕೋತಾರೆ ಬಿಡು."

ಅವಳು ನಕ್ಕಳು. ಡೆಲ್ಬರ್ಟ್ ಮಾತು ಕೊಟ್ಟ. ಓಹಾಯೋದಲ್ಲಿದ್ದ ಮಗಳಿಗೂ ಹೇಳಲಿಲ್ಲ. ಕೊಟ್ಟ ಮಾತೊಂದೇ ಕಾರಣವಲ್ಲ. ಬಾಯಿಬಿಟ್ಟು ಹೇಳಿಬಿಟ್ಟರೆ ಅದು ನಿಜವಾಗಿಬಿಡುತ್ತದೆ ಎಂಬ ಹೆದರಿಕೆ ಅವನಿಗೂ ಇತ್ತು.

ಅದು ಜನವರಿಯ ಶನಿವಾರ, ಮಧ್ಯಾಹ್ನದ ಪಂದ್ಯ. ಎದುರಾಳಿ ಪಕ್ಕದ ಊರಿನ ವಿಶ್ವವಿದ್ಯಾಲಯ. ಅವರ ಬಣ್ಣದ ಅಂಗಿ ಹಾಕಿಕೊಂಡು ಬಂದರೆ ನಮ್ಮ ಪೆಟ್ರೋಲ್ ಬಂಕಿನಲ್ಲಿ ಪೆಟ್ರೋಲ್ ಕೂಡ ಮುಖ ಗಂಟಿಕ್ಕಿಕೊಂಡೇ ಹಾಕುತ್ತಾರೆ. ಬೆಳಗಿನಿಂದ ಹಿಮ ಬೀಳುತ್ತಲೇ ಇತ್ತು. ಲವಾನ್ ಅಂದು ಗೆಲುವಾಗಿದ್ದಳು. ಹಂದಿಮಾಂಸದ ದೊಡ್ಡ ಸ್ಯಾಂಡ್‌ವಿಚ್ಚನ್ನು ಇಬ್ಬರೂ ಅರ್ಧರ್ಧ ತಿಂದು ಹೊರಟಾಗ, ಎದುರಾಳಿ ತಂಡದ ತರಬೇತುದಾರ ಯುವಕನಾಗಿದ್ದಾಗ ಯಾರಿಗೆ ಮೊಣಕೈ ತಿವಿದಿದ್ದ ಎಂಬುದನ್ನು ದಾರಿಯುದ್ದಕ್ಕೂ ಹೇಳಿದಳು. ಹೆಸರು, ಇಸವಿ, ಯಾವುದೂ ತಪ್ಪಲಿಲ್ಲ. ಕೇಳುತ್ತ ಕೇಳುತ್ತ ಡೆಲ್ಬರ್ಟ್‌ಗೆ ಡಾಕ್ಟರ ಮೇಲೇ ಅನುಮಾನ ಹುಟ್ಟಿತು.

ದಕ್ಷಿಣದ ಬಾಗಿಲ ಮುಂದೆ ಕಾರು ನಿಂತಿತು. ಹಿಂದೆ ಸಾಲುಗಟ್ಟಿ ಕಾರುಗಳು, ಎಲ್ಲದರಿಂದಲೂ ಹೆಂಗಸರು ಇಳಿಯುತ್ತಿದ್ದರು. ಲವಾನ್ ತನ್ನ ಕೈಚೀಲವನ್ನು ಸೀಟಿನ ಮೇಲೆ ಬಿಟ್ಟಳು. ಪಾರದರ್ಶಕ ಚೀಲವಲ್ಲದೆ ಬೇರೆ ಯಾವುದನ್ನೂ ಒಳಗೆ ಬಿಡುವುದಿಲ್ಲವೆಂದು ವಿಶ್ವವಿದ್ಯಾಲಯ ಕಟ್ಟಳೆ ಮಾಡಿ ಕೆಲವು ವರ್ಷವಾಗಿತ್ತು.

"ನಮ್ಮಂಥ ಮುದುಕೀರು ಬಾಂಬ್ ತರ್ತಾರೆ ಅಂತ ಹೆದ್ರಿಕೆ ಇವ್ರಿಗೆ," ಎಂದು ಗೊಣಗಿದಳು.

"ಬಾಗಿಲ ಒಳಗೆ, ಬೆಚ್ಚಗಿರೋ ಕಡೆ ನಿಂತಿರು. ಎಲ್ಲೂ ಹೋಗ್ಬೇಡ. ಗಾಡಿ ನಿಲ್ಲಿಸಿ ಬರ್ತೀನಿ."

"ಎಲ್ಲಿಗೆ ಹೋಗ್ಲಿ? ಟಿಕೆಟ್ ನಿನ್ನ ಫೋನಲ್ಲಿದೆ." ಅವಳು ಬಾಗಿಲು ಹಾಕುತ್ತ ಬಗ್ಗಿ ನೋಡಿದಳು. "ಹೊರಡು ಮಾರಾಯ, ಹಿಂದಿನೋನು ಹಾರ್ನ್ ಹೊಡೀತಾ ಇದಾನೆ."

ಒಂದು ಕ್ಷಣ ಅವನು ತಡೆದ. ಜೊತೆಯಲ್ಲೇ ಕರೆದುಕೊಂಡು ಹೋಗಿಬಿಡಲೇ ಎಂದುಕೊಂಡ. ಆದರೆ ಗೋದಾಮಿನಿಂದ ಇಲ್ಲಿಗೆ ದೂರ, ಹಿಮ ಬೇರೆ. ಈ ಸೀಸನ್ನಿನ ಪಂದ್ಯಗಳಲ್ಲೆಲ್ಲ ಅವಳು ಇಳಿಸಿದ ಜಾಗದಲ್ಲೇ ನಿಂತು ಕಾದಿದ್ದಳು. ಹಿಂದಿನವನು ಮತ್ತೆ ಹಾರ್ನ್ ಮಾಡಿದ. ಅವಳ ನೀಲಿ ಉಣ್ಣೆಯ ಟೋಪಿ ಗಾಜಿನ ಬಾಗಿಲೊಳಗೆ ಹೋಗುವುದನ್ನು ಕನ್ನಡಿಯಲ್ಲಿ ನೋಡಿ ಡೆಲ್ಬರ್ಟ್ ಹೊರಟ.

ಗೋದಾಮು ಇರಲಿಲ್ಲ. ಅದಿದ್ದ ಕಡೆ ದೊಡ್ಡ ಹಳ್ಳ, ಹಳ್ಳದ ಸುತ್ತ ಬೇಲಿ, ಬೇಲಿಯ ಮೇಲೆ ಮುಂದೆ ಏಳಲಿರುವ ಕಟ್ಟಡದ ಚಿತ್ರ. ಚಿತ್ರದಲ್ಲಿ ಹಸಿರು ಮರಗಳ ಕೆಳಗೆ ಹುಡುಗ ಹುಡುಗಿಯರು ನಗುತ್ತ ನಡೆಯುತ್ತಿದ್ದರು. ಕ್ರಿಸ್ಮಸ್ ರಜೆಯಲ್ಲಿ ಯಾರಿಗೂ ತಿಳಿಯದ ಹಾಗೆ ಕೆಡವಿದ್ದಿರಬೇಕು. ಡೆಲ್ಬರ್ಟ್ ಸ್ಟೀರಿಂಗ್ ಹಿಡಿದು ಆ ಚಿತ್ರವನ್ನೇ ನೋಡಿದ. ಪರವಾಗಿಲ್ಲ, ಬೇರೆ ಜಾಗಗಳಿವೆ, ಎಂದು ತನಗೆ ತಾನೇ ಹೇಳಿಕೊಂಡ.

ಬೇರೆ ಜಾಗಗಳೂ ಇದ್ದವು, ಅವನಿಗಲ್ಲ ಅಷ್ಟೇ. ಮೊದಲು ಸಿಕ್ಕ ಪಾರ್ಕಿಂಗ್ ಬಯಲಿನಲ್ಲಿ ಕಿತ್ತಳೆ ಬಣ್ಣದ ಮೇಲಂಗಿ ತೊಟ್ಟ ಹೆಂಗಸು ಕೈ ಅಡ್ಡ ಹಿಡಿದಳು.

"ಚಿನ್ನದ ಬಣ್ಣದ ಪಾಸ್ ಇದೆಯಾ ಸರ್?"

"ಇಲ್ಲ."

"ಹಾಗಾದ್ರೆ ಇಲ್ಲಿಲ್ಲ. ಬೆಳ್ಳಿ ಬಣ್ಣದ್ದಿದ್ರೆ ಮುಂದಿನದು."

"ಅದೂ ಇಲ್ಲ ಕಣಮ್ಮ. ಒಳಗೆ ಅಷ್ಟೊಂದು ಜಾಗ ಖಾಲಿ ಇದೆಯಲ್ಲ?"

"ಖಾಲಿ ಇಲ್ಲ ಸರ್. ಪಾಸ್ ಇರೋರು ಇನ್ನೂ ಬಂದಿಲ್ಲ."

ನಮ್ಮ ವಿಶ್ವವಿದ್ಯಾಲಯದ ಲೆಕ್ಕಾಚಾರವೇ ಹಾಗೆ. ದಾನ ಹೆಚ್ಚು ಕೊಟ್ಟಷ್ಟೂ ಕಾರು ಬಾಗಿಲಿಗೆ ಹತ್ತಿರ. ಲಕ್ಷಗಟ್ಟಲೆ ಕೊಟ್ಟವನು ಬಾಗಿಲ ಬುಡದಲ್ಲೇ ಇಳಿದು ಬಿಸಿ ಆರದ ಕಾಲಿನಲ್ಲಿ ಒಳಗೆ ಹೋಗುತ್ತಾನೆ. ಜೀವಮಾನವಿಡೀ ಅವರ ರಸ್ತೆಯ ಹಿಮ ತಳ್ಳಿದವನಿಗೆ ಯಾವ ಬಣ್ಣದ ಪಾಸೂ ಇಲ್ಲ. ನನಗೆ ಇದನ್ನು ನೆನೆದರೆ ಈಗಲೂ ಹೊಟ್ಟೆ ಉರಿಯುತ್ತದೆ. ಡೆಲ್ಬರ್ಟ್‌ಗೆ ಉರಿಯಲು ಪುರುಸೊತ್ತಿರಲಿಲ್ಲ. ವಾಪಸು ದಕ್ಷಿಣದ ಬಾಗಿಲಿಗೇ ಹೋಗಿ ಲವಾನ್‌ಳನ್ನು ಹತ್ತಿಸಿಕೊಳ್ಳೋಣ, ಆಮೇಲೆ ಇಬ್ಬರೂ ಸೇರಿ ಜಾಗ ಹುಡುಕೋಣ ಎಂದು ಅವನು ಕಾರು ತಿರುಗಿಸಿದ.

ಅಷ್ಟರಲ್ಲಿ ರಸ್ತೆ ಮುಚ್ಚಿದ್ದರು. ಪಂದ್ಯ ಹತ್ತಿರವಾದಂತೆ ಕ್ರೀಡಾಂಗಣದ ಸುತ್ತಲಿನ ಬೀದಿಗಳೆಲ್ಲ ಏಕಮುಖವಾಗುತ್ತವೆ. ಹೊರಗೆ ಹೋಗಬಹುದು, ಒಳಗೆ ಬರುವ ಹಾಗಿಲ್ಲ. ತಡೆಗೋಲಿನ ಪಕ್ಕ ನಿಂತಿದ್ದ ಪೊಲೀಸ್ ಹೆಂಗಸು ಎಡಕ್ಕೆ ಕೈ ತೋರಿಸಿದಳು. ಡೆಲ್ಬರ್ಟ್ ಗಾಜು ಇಳಿಸಿದ.

"ಮೇಡಂ, ನನ್ನ ಹೆಂಡತಿ ದಕ್ಷಿಣದ ಬಾಗಿಲಲ್ಲಿ ಕಾಯ್ತಾ ಇದಾಳೆ."

"ಇವತ್ತು ಎಲ್ಲರ ಹೆಂಡ್ತೀರೂ ದಕ್ಷಿಣದ ಬಾಗಿಲಲ್ಲೇ ಕಾಯ್ತಿರೋದು ಸರ್. ಎಡಕ್ಕೆ."

"ಒಂದೇ ನಿಮಿಷ. ಹತ್ತಿಸಿಕೊಂಡು ಬಂದ್ಬಿಡ್ತೀನಿ."

"ಇಳಿಸಿದ ಮೇಲೆ ಮತ್ತೆ ಯಾಕೆ ಹತ್ತಿಸ್ಕೊಳ್ತೀರಿ? ಜಗಳ ಆಯ್ತಾ?" ಅವಳು ಒಳ್ಳೆಯ ಮನಸ್ಸಿನಿಂದಲೇ ನಕ್ಕಳು. ಮೂಗಿನ ತುದಿ ಚಳಿಗೆ ಕೆಂಪಾಗಿತ್ತು. "ಎಡಕ್ಕೆ ಹೋಗಿ ಸರ್, ಹಿಂದೆ ನೋಡಿ, ಎಷ್ಟು ಜನ."

ನನ್ನ ಹೆಂಡತಿಗೆ ಮರೆವಿನ ಕಾಯಿಲೆ ಇದೆ. ನಾಲಿಗೆಯ ತುದಿಯಲ್ಲಿದ್ದ ಮಾತು ಇಷ್ಟೇ. ಹೇಳಿದ್ದರೆ ಆ ಹೆಂಗಸು ತಡೆಗೋಲು ಸರಿಸುತ್ತಿದ್ದಳೋ, ವೈರ್‌ಲೆಸ್ಸಿನಲ್ಲಿ ಒಳಗಿನವರಿಗೆ ತಿಳಿಸುತ್ತಿದ್ದಳೋ, ಏನಾದರೊಂದು ಮಾಡುತ್ತಿದ್ದಳು. ಡೆಲ್ಬರ್ಟ್ ಅದನ್ನು ಹೇಳದೆ ಗಾಜು ಏರಿಸಿ ಕಾರನ್ನು ಎಡಕ್ಕೆ ತಿರುಗಿಸಿದ. ನಮ್ಮಲ್ಲಿ ಯಾರಾದರೂ ಆಗಿದ್ದರೂ ಅದನ್ನೇ ಮಾಡುತ್ತಿದ್ದೆವು. ಮನೆಯ ಸಂಕಟವನ್ನು ದಾರಿಯಲ್ಲಿ ನಿಂತವರ ಮುಂದೆ ಬಿಚ್ಚುವುದು ನಮಗೆ ಬಟ್ಟೆ ಬಿಚ್ಚಿ ನಿಂತಷ್ಟೇ ನಾಚಿಕೆ.

ಎಡದ ರಸ್ತೆ ಹೊಳೆಯ ಸೇತುವೆಗೆ ಹೋಗುತ್ತದೆ. ಸೇತುವೆಯ ಮೇಲೆ ತಿರುಗಿಸುವ ಹಾಗಿಲ್ಲ, ಆಚೆ ದಡಕ್ಕೇ ಹೋಗಬೇಕು. ಆಚೆ ದಡದಿಂದ ಈಚೆಗೆ ಬರುವ ಸಾಲು ಪೇಟೆಯವರೆಗೂ ನಿಂತಿತ್ತು. ಕಾರು ತೆವಳುತ್ತಿದ್ದಾಗ ಡೆಲ್ಬರ್ಟ್ ಫೋನ್ ತೆಗೆದು ಲವಾನ್‌ಗೆ ಕರೆ ಮಾಡಿದ. ಪಕ್ಕದ ಸೀಟಿನ ಮೇಲಿದ್ದ ಕೈಚೀಲ ಹಾಡತೊಡಗಿತು.

ಅವನು ಕೈಚೀಲ ಬಿಚ್ಚಿ ಅವಳ ಫೋನನ್ನು ಕೈಗೆತ್ತಿಕೊಂಡ. ಅವರ ಸಾಲಿನಲ್ಲಿ ಪಕ್ಕದ ಕುರ್ಚಿಯ ಗ್ಲೆಂಡಾಳ ನಂಬರು ಅದರಲ್ಲಿರಬೇಕು. ಅವಳು ಕೆಳಗಿಳಿದು ಒಮ್ಮೆ ನೋಡಿ ಬಂದರೆ ಸಾಕಿತ್ತು. ಫೋನು ಗುಪ್ತ ಸಂಖ್ಯೆ ಕೇಳಿತು. ಮದುವೆಯಾದ ಇಸವಿ ಒತ್ತಿದ, ತಪ್ಪು. ಮಗಳು ಹುಟ್ಟಿದ ಇಸವಿ ಒತ್ತಿದ, ಅದೂ ತಪ್ಪು. ಇಷ್ಟು ವರ್ಷ ಒಂದೇ ಹಾಸಿಗೆಯಲ್ಲಿ ಮಲಗಿದವಳು ಯಾವ ಇಸವಿಯನ್ನು ಮನಸ್ಸಿನಲ್ಲಿಟ್ಟುಕೊಂಡಿದ್ದಾಳೆ ಎಂಬುದು ತನಗೆ ಗೊತ್ತಿಲ್ಲವಲ್ಲ ಎಂದು ಅವನಿಗೆ ಅಳು ಬಂದ ಹಾಗಾಯಿತು. ಹಿಂದಿನವನು ಹಾರ್ನ್ ಹೊಡೆದ. ಅಂದು ಅವನ ಹಿಂದೆ ಯಾವಾಗಲೂ ಒಬ್ಬ ಹಾರ್ನ್ ಹೊಡೆಯುವವನಿದ್ದ.

ಹೊಳೆ ದಾಟಿ ಈಚೆ ಬಂದ ಮೇಲೆ ಮೆಥಡಿಸ್ಟ್ ಚರ್ಚಿನ ಅಂಗಳ ಕಂಡಿತು. ಚರ್ಚಿನವರು ಪಂದ್ಯದ ದಿನ ಅಂಗಳದಲ್ಲಿ ಕಾರು ನಿಲ್ಲಿಸಿಕೊಂಡು ಹುಡುಗರ ಪ್ರವಾಸಕ್ಕೆ ದುಡ್ಡು ಕೂಡಿಸುತ್ತಾರೆ. ಡೆಲ್ಬರ್ಟ್ ಅವರನ್ನು ಎಷ್ಟು ಸಲ ಗೇಲಿ ಮಾಡಿದ್ದನೋ ಲೆಕ್ಕವಿಲ್ಲ. ಈಗ ಅವನೇ ಗಾಜು ಇಳಿಸಿ ನೋಟು ಹೊರಗೆ ಚಾಚಿದ. ಅಂಗಳದ ಬಾಯಿಯಲ್ಲಿ ಕಂಬಳಿ ಹೊದ್ದು ನಿಂತಿದ್ದವಳು ಮಾರ್ಜಿ, ಲವಾನ್ ಜೊತೆ ಶಾಲೆಯ ಅಡುಗೆಮನೆಯಲ್ಲಿ ಕೆಲಸ ಮಾಡಿದವಳು.

"ಅಯ್ಯೋ ದೇವರೇ! ಡೆಲ್ಬರ್ಟ್ ಕೆಸ್ಲರ್ ಪರ್ಸ್ ಬಿಚ್ಚಿದ್ದಾನೆ! ಯಾರಾದ್ರೂ ಫೋಟೋ ತೆಗೀರಪ್ಪ!"

"ಮಾರ್ಜಿ, ಒಂದು ಜಾಗ ಕೊಡು. ಎಷ್ಟಾದ್ರೂ ಕೊಡ್ತೀನಿ."

"ಎಲ್ಲಿಂದ ಕೊಡ್ಲಿ? ಪಾದ್ರಿಗಳ ಕಾರನ್ನೇ ಆಚೆ ಕಳಿಸಿದೀವಿ. ಇಷ್ಟು ವರ್ಷ ನಮ್ಮನ್ನ ಆಡಿಕೊಂಡೆಯಲ್ಲ, ಅದಕ್ಕೇ ಶಾಪ." ಅವಳು ಗಾಜಿನ ಹತ್ತಿರ ಬಗ್ಗಿದಳು. "ಲವಾನ್ ಹೇಗಿದಾಳೆ? ಚರ್ಚಲ್ಲಿ ಕಂಡೇ ಇಲ್ಲ."

"ಚೆನ್ನಾಗಿದಾಳೆ," ಎಂದ ಡೆಲ್ಬರ್ಟ್.

ಬಾಯಿಂದ ಅದು ತಾನಾಗಿ ಬಂತು. ಚೆನ್ನಾಗಿದಾಳೆ, ಚೆನ್ನಾಗಿದೀವಿ, ಎಲ್ಲ ಚೆನ್ನಾಗಿದೆ. ಮಾರ್ಜಿಯ ತಂಗಿ ಅದೇ ಕ್ರೀಡಾಂಗಣದಲ್ಲಿ ಪಾಪ್‌ಕಾರ್ನ್ ಮಾರುತ್ತಾಳೆ ಎಂಬುದು ಚರ್ಚು ಕಣ್ಮರೆಯಾದ ಮೇಲೆ ಅವನಿಗೆ ಹೊಳೆಯಿತು. ತನ್ನ ಬಾಯಿಗೆ ತಾನೇ ಹೊಡೆದುಕೊಳ್ಳಬೇಕೆನಿಸಿತು. ಮರಳಿ ಹೋಗೋಣವೆಂದರೆ ಅದೂ ಏಕಮುಖ ರಸ್ತೆ.

ಆಮೇಲೆ ಅವನು ಎಲ್ಲೆಲ್ಲಿ ಸುತ್ತಿದನೋ ಅವನಿಗೇ ಸರಿಯಾಗಿ ನೆನಪಿಲ್ಲ. ತಾನೇ ಗುಂಡಿ ಮುಚ್ಚಿದ್ದ ಬೀದಿಗಳಲ್ಲಿ ತಾನೇ ದಾರಿ ತಪ್ಪಿದವನಂತೆ ಅಲೆದ. ಮನೆಗಳ ಮುಂದಿನ ಹುಲ್ಲುಹಾಸಿನ ಮೇಲೂ ಕಾರು, ಬೆಂಕಿ ನಂದಿಸುವ ನಲ್ಲಿಯ ಮುಂದೂ ಕಾರು. ಕಣ್ಣೆದುರು ಮಾತ್ರ ಲವಾನ್ ಕಾಣುತ್ತಿದ್ದಳು. ಟಿಕೆಟ್ಟಿಲ್ಲ, ಫೋನಿಲ್ಲ, ಕೈಯಲ್ಲಿ ಬಿಡಿಗಾಸಿಲ್ಲ. ಜನ ತಳ್ಳಿಕೊಂಡು ಹೋಗುತ್ತಿರುತ್ತಾರೆ, ಅವಳು ಗೋಡೆಗೆ ಒರಗಿ ನಿಂತಿರುತ್ತಾಳೆ. ತಾನು ಇಲ್ಲಿ ಯಾಕೆ ನಿಂತಿದ್ದೇನೆ ಎಂದು ಒಂದೇ ಒಂದು ಗಳಿಗೆ ಮರೆತರೆ ಸಾಕು, ಹೊರಗೆ ಹೆಜ್ಜೆಯಿಡುತ್ತಾಳೆ. ಹೊರಗೆ ಹಿಮ, ಹಿಮದಾಚೆ ಹೊಳೆ.

ಕೊನೆಗೆ ಒಂದು ಖಾಲಿ ಅಂಗಳ ಕಂಡಿತು. ಹಿಮವನ್ನು ಚೊಕ್ಕವಾಗಿ ಗುಡಿಸಿದ್ದರು, ಒಂದೂ ಕಾರಿರಲಿಲ್ಲ. ನುಗ್ಗಿಸಿ ನಿಲ್ಲಿಸಿ ಇಳಿದ ಮೇಲೆಯೇ ಅದು ಶವಸಂಸ್ಕಾರದ ಮನೆ ಎಂದು ಅವನಿಗೆ ತಿಳಿದದ್ದು. ಕಪ್ಪು ಕೋಟಿನ ಒಬ್ಬಾತ ಸಲಿಕೆ ಹಿಡಿದು ಮೆಟ್ಟಿಲ ಹಿಮ ತೆಗೆಯುತ್ತಿದ್ದ. ನಡುವಯಸ್ಸು, ಮೆಲುದನಿ.

"ಶ್ರೀಮತಿ ಲಟ್ರೆಲ್ ಅವರ ಕಡೆಯೋರಾ?" ಎಂದು ಕೇಳಿದ. "ಅಂತಿಮ ದರ್ಶನ ಮೂರು ಗಂಟೆಗೆ."

ಡೆಲ್ಬರ್ಟ್ ಹೌದೆಂದು ಬಿಡಬಹುದಿತ್ತು. ಒಂದು ಸಣ್ಣ ಸುಳ್ಳು, ಯಾರಿಗೂ ನಷ್ಟವಿಲ್ಲ.

"ಅಲ್ಲ," ಎಂದ. "ನನ್ನ ಹೆಂಡತಿ. ಪಂದ್ಯದ ಬಾಗಿಲಲ್ಲಿ ಇಳಿಸಿ ಬಂದೆ. ಅವಳಿಗೆ... ಅವಳಿಗೆ ನೆನಪು ಹೋಗ್ತಾ ಇದೆ. ಮರೆವಿನ ಕಾಯಿಲೆ. ಯಾರಿಗೂ ಹೇಳಿಲ್ಲ. ಒಬ್ಬಳೇ ನಿಂತಿದಾಳೆ, ನನಗೆ ಗಾಡಿ ನಿಲ್ಸೋಕೆ ಜಾಗ ಸಿಗ್ತಿಲ್ಲ."

ಬೇಸಿಗೆಯಿಂದ ಬಿಗಿಹಿಡಿದಿದ್ದ ಮಾತನ್ನು ಹೆಸರೂ ತಿಳಿಯದ ಹೆಣದ ಮನೆಯವನ ಮುಂದೆ ಉಗುಳಿದ್ದ.

ಆತ ಸಲಿಕೆಯನ್ನು ಕಂಬಕ್ಕೆ ಒರಗಿಸಿದ. "ಕೀಲಿ ಗಾಡಿಯಲ್ಲೇ ಬಿಡಿ. ಸರಿಸಬೇಕಾದ್ರೆ ನಾನೇ ಸರಿಸ್ತೀನಿ. ಅವರ ಹೆಸರೇನು? ಕ್ರೀಡಾಂಗಣಕ್ಕೆ ಫೋನ್ ಮಾಡ್ತೀನಿ."

"ಲವಾನ್. ಲವಾನ್ ಕೆಸ್ಲರ್. ನೀಲಿ ಟೋಪಿ."

ಆತ ಕಿವಿಗೆ ಫೋನ್ ಹಿಡಿದು ಕಾದ. ಮುಂದಿನ ಪಂದ್ಯದ ಟಿಕೆಟ್ಟಿಗೆ ಒಂದು ಒತ್ತಿ, ದಾನ ಕೊಡಲು ಎರಡು ಒತ್ತಿ ಎಂಬ ಧ್ವನಿ ಡೆಲ್ಬರ್ಟ್‌ಗೂ ಕೇಳಿಸಿತು. "ಮನುಷ್ಯರು ಯಾರೂ ಎತ್ತಲ್ಲ," ಎಂದ ಆತ. "ನಾನು ಮಾಡ್ತಾನೇ ಇರ್ತೀನಿ. ನೀವು ನಡೀರಿ. ಜಾರತ್ತೆ, ಹುಷಾರು."

ಡೆಲ್ಬರ್ಟ್ ನಡೆದ. ಓಡಲು ನೋಡಿದ, ಮಂಡಿ ಕೇಳಲಿಲ್ಲ. ಒಮ್ಮೆ ಬಿದ್ದ, ಅಂಗೈ ತರಚಿತು. ಬೀದಿಗಳು ಬಿಕೋ ಎನ್ನುತ್ತಿದ್ದವು, ಜನರೆಲ್ಲ ಒಳಗೆ ಸೇರಿಯಾಗಿತ್ತು. ಕ್ರೀಡಾಂಗಣದ ಹತ್ತಿರ ಬಂದಾಗ ಗೋಡೆಯಾಚೆಯಿಂದ ಒಂದು ದೊಡ್ಡ ಗದ್ದಲ ಎದ್ದಿತು. ಪಂದ್ಯ ಎಂದೋ ಶುರುವಾಗಿತ್ತು.

ಗಾಜಿನ ಬಾಗಿಲೊಳಗೆ ಯಾರೂ ಇರಲಿಲ್ಲ. ಒದ್ದೆ ನೆಲ, ಬಿದ್ದ ಒಂದು ಕೈಗವಸು, ಟಿಕೆಟ್ ನೋಡುವ ಯಂತ್ರದ ಪಕ್ಕ ಫೋನ್ ತಿಕ್ಕುತ್ತಿದ್ದ ಒಬ್ಬ ಹುಡುಗಿ.

"ಇಲ್ಲೊಬ್ಬಳು ಹೆಂಗಸು ನಿಂತಿದ್ಲಲ್ಲ? ವಯಸ್ಸಾದೋಳು. ನೀಲಿ ಟೋಪಿ."

"ಸರ್, ಇವತ್ತು ಎಲ್ಲರದೂ ನೀಲಿ ಟೋಪಿನೇ."

"ಲವಾನ್!" ಎಂದು ಡೆಲ್ಬರ್ಟ್ ಕೂಗಿದ. ಖಾಲಿ ಹಜಾರದಲ್ಲಿ ಅವನ ಧ್ವನಿ ಅವನಿಗೇ ಹೆದರಿಕೆ ಹುಟ್ಟಿಸಿತು. "ಲವಾನ್!" ಹೆಂಗಸರ ಶೌಚಾಲಯದ ಬಾಗಿಲಲ್ಲಿ ನಿಂತು ಕೂಗಿದ. ಹೊರಗೆ ಹೋಗಿ ಮೆಟ್ಟಿಲ ಮೇಲೆ ನಿಂತು ಕೂಗಿದ. ಹಿಮದಲ್ಲಿ ಸಾವಿರ ಹೆಜ್ಜೆಗುರುತುಗಳಿದ್ದವು. ಅವುಗಳಲ್ಲಿ ಅವಳದು ಯಾವುದೆಂದು ಹೇಗೆ ಹೇಳುವುದು!

ಅವನ ಕೂಗಿಗೆ ಒಳಗಿನಿಂದ ವೇಯ್ನ್ ಬಂದ. ಮೇಲಂತಸ್ತಿನಲ್ಲಿ ಜನರಿಗೆ ಕುರ್ಚಿ ತೋರಿಸುವ ಮುದುಕ ಅವನು. ಇಬ್ಬರ ಮುಖ ಪರಿಚಯ ಎಷ್ಟೋ ಕಾಲದ್ದು.

"ಏನಯ್ಯಾ ಇಷ್ಟು ಗಲಾಟೆ? ನಿನ್ನ ಹೆಂಡತಿ ಆಗಲೇ ಮೇಲೆ ಕೂತಿದಾಳೆ. ಗ್ಲೆಂಡಾ ಬಂದು ಕರ್ಕೊಂಡು ಹೋದ್ಲು. ಟಿಕೆಟ್ ಕೇಳ್ದೆ ನಾನೇ ಬಿಟ್ಟೆ, ಯಾರಿಗೂ ಹೇಳ್ಬೇಡ, ಕೆಲಸ ಹೋಗತ್ತೆ. ಎಲ್ಲಿ ಸತ್ತಿದ್ದೆ ಇಷ್ಟೊತ್ತು? ಮಿಚಿಗನ್‌ನಲ್ಲಿ ನಿಲ್ಸಿ ಬಂದ್ಯಾ ಗಾಡೀನ?"

ಡೆಲ್ಬರ್ಟ್ ಗೋಡೆ ಹಿಡಿದು ನಿಂತ. ವೇಯ್ನ್ ತೋಳು ಹಿಡಿಯಬಂದಾಗ ಬೇಡವೆಂದು ಕೈಯಾಡಿಸಿ ಮೆಟ್ಟಿಲು ಹತ್ತಿದ. ಹತ್ತುವಾಗ ಅವಳು ಏನೆಂದು ಬೈಯುತ್ತಾಳೆ ಎಂದು ಯೋಚಿಸಿದ. ಎಷ್ಟಾದರೂ ಬೈಯಲಿ, ಸೀಸನ್ ಮುಗಿಯುವವರೆಗೂ ಬೈಯಲಿ ಎಂದುಕೊಂಡ. ಇನ್ನು ಮುಂದೆ ಅವಳನ್ನು ಎಲ್ಲೂ ಇಳಿಸುವುದಿಲ್ಲ, ಎಷ್ಟು ಡಾಲರ್ ಬೇಕಾದರೂ ಕೊಟ್ಟೇನು ಎಂದೂ ಅಂದುಕೊಂಡ.

ಅವಳು ಅಲ್ಲಿದ್ದಳು. ನೀಲಿ ಟೋಪಿ ತೊಡೆಯ ಮೇಲಿತ್ತು, ಬೆನ್ನು ನೆಟ್ಟಗಿತ್ತು. "ಏಯ್, ಕಣ್ಣು ಕಾಣಲ್ವೇನೋ ನಿನಗೆ! ಕೈ ಹಿಡಿದು ಎಳೀತಿದಾನೆ!" ಎಂದು ರೆಫರಿಗೆ ಕೂಗುತ್ತಿದ್ದಳು. ಆಚೆ ಬದಿಯಲ್ಲಿ ಗ್ಲೆಂಡಾ ಡೆಲ್ಬರ್ಟ್‌ನನ್ನು ಕಂಡು ಉಸಿರು ಬಿಟ್ಟಳು. ಅವನು ಹಿಮ ಕೊಡವಿಕೊಂಡು ಮೆಟ್ಟಿಲ ಪಕ್ಕದ ತನ್ನ ಕುರ್ಚಿಯಲ್ಲಿ ಕೂರಲು ಬಗ್ಗಿದ. ಲವಾನ್ ತಟ್ಟನೆ ಕುರ್ಚಿಯ ಮೇಲೆ ಕೈಯಿಟ್ಟಳು.

"ಇಲ್ಲಿ ಜನ ಇದಾರೆ," ಎಂದಳು ಮರ್ಯಾದೆಯಿಂದಲೇ. "ತಪ್ಪು ತಿಳ್ಕೋಬೇಡಿ. ನಮ್ಮ ಯಜಮಾನ್ರು ಗಾಡಿ ನಿಲ್ಸೋಕೆ ಹೋಗಿದಾರೆ. ಇನ್ನೇನು ಬಂದ್ಬಿಡ್ತಾರೆ."

ಡೆಲ್ಬರ್ಟ್ ಬಗ್ಗಿದವನು ಬಗ್ಗಿದ ಹಾಗೇ ಇದ್ದ. ತಮಾಷೆ ಮಾಡುತ್ತಿದ್ದಾಳೆ, ತಡವಾಗಿದ್ದಕ್ಕೆ ಆಟವಾಡಿಸುತ್ತಿದ್ದಾಳೆ ಎಂದು ಅವಳ ಕಣ್ಣನ್ನು ಹುಡುಕಿದ. ಕಣ್ಣುಗಳಲ್ಲಿ ತಮಾಷೆಯಿರಲಿಲ್ಲ. ಚಳಿಯಿಂದ ಬಂದ ಅಪರಿಚಿತ ಮುದುಕನೊಬ್ಬನ ಮೇಲೆ ತೋರುವ ಕರುಣೆಯಿತ್ತು. ಒಲೆಯನ್ನು ಮರೆತಿದ್ದಳು, ದಾರಿಯನ್ನು ಮರೆತಿದ್ದಳು, ಮೊಮ್ಮಗನ ಹೆಸರನ್ನು ಮರೆತಿದ್ದಳು. ಅವನನ್ನು ಮರೆತದ್ದು ಇದೇ ಮೊದಲು.

"ಲವಾನ್..." ಎಂದು ಗ್ಲೆಂಡಾ ಬಾಯಿ ತೆರೆದಳು. ಡೆಲ್ಬರ್ಟ್ ಅವಳತ್ತ ನೋಡಿ ತಲೆಯಾಡಿಸಿದ. ಗ್ಲೆಂಡಾಗೆ ಎಲ್ಲವೂ ಒಟ್ಟಿಗೆ ಅರ್ಥವಾಯಿತು. ಅವಳು ಬಾಯಿಗೆ ಕೈ ಅಡ್ಡ ಹಿಡಿದು ಆಟದ ಅಂಗಳದ ಕಡೆ ಮುಖ ತಿರುಗಿಸಿದಳು.

"ಅವರು ಬರೋ ತನಕ ಕೂತಿರ್ಲಾ?" ಎಂದು ಕೇಳಿದ ಡೆಲ್ಬರ್ಟ್. "ಕಾಲು ನೋಯ್ತಿದೆ."

ಲವಾನ್ ಅವನ ತರಚಿದ ಅಂಗೈಯನ್ನು ನೋಡಿದಳು. ಕುರ್ಚಿಯ ಮೇಲಿಂದ ಕೈ ತೆಗೆದಳು. "ಕೂತ್ಕೊಳಿ ಪಾಪ. ಆದ್ರೆ ಅವರು ಬಂದ ತಕ್ಷಣ ಎದ್ದು ಕೊಡ್ಬೇಕು. ಅವರೂ ದೂರದಿಂದ ನಡ್ಕೊಂಡ್ ಬರ್ತಾರೆ."

"ಆಗ್ಲಿ."

ಗ್ಲೆಂಡಾ ಕೊಡಿಸಿದ್ದ ಪಾಪ್‌ಕಾರ್ನ್ ಪೊಟ್ಟಣವನ್ನು ಲವಾನ್ ಅವನತ್ತ ಚಾಚಿದಳು. ಅವನು ಒಂದೆರಡು ಕಾಳು ತೆಗೆದುಕೊಂಡ. ನಮ್ಮವರು ಚೆಂಡು ಕಳೆದುಕೊಂಡಾಗ ಅವಳು ತೊಡೆ ತಟ್ಟಿ ಬೈದಳು, ಆಮೇಲೆ ಹಿಂದೆ ತಿರುಗಿ ಮೆಟ್ಟಿಲ ತುದಿಯ ಬಾಗಿಲನ್ನು ನೋಡಿದಳು. ಆಟ ನಿಂತಾಗಲೆಲ್ಲ ತಿರುಗಿ ನೋಡಿದಳು. ಒಂದೊಂದು ಸಲ ತಿರುಗಿದಾಗಲೂ ಅವಳ ಹುಬ್ಬು ಇನ್ನಷ್ಟು ಗಂಟಾಗುತ್ತಿತ್ತು. ಡೆಲ್ಬರ್ಟ್‌ಗೆ ಅದನ್ನು ನೋಡಲಾಗಲಿಲ್ಲ.

"ಜಾಗ ಸಿಕ್ಕಿರಲ್ಲ," ಎಂದ. "ಇವತ್ತು ಜನ ಜಾಸ್ತಿ."

"ಅವರಿಗೆ ಸಿಗದೆ ಇರತ್ತಾ? ಈ ಊರಲ್ಲಿ ಅವರಿಗೆ ಗೊತ್ತಿಲ್ದ ಜಾಗ ಇಲ್ಲ." ಅವಳು ಮತ್ತೆ ಹಿಂದೆ ತಿರುಗಿದಳು. "ನನ್ನ ನಿಲ್ಲಿಸಿ ಹೋದ ಕಡೆ ಒಂದಿನವೂ ಬಿಟ್ಟೋರಲ್ಲ. ಬರ್ತಾರೆ."

"ಬರ್ತಾರೆ," ಎಂದ ಡೆಲ್ಬರ್ಟ್.

ಸುತ್ತಲಿನವರು ಎದ್ದು ಕೂಗಿದಾಗ ಅವಳೂ ಎದ್ದು ಕೂಗಿದಳು. ಅವನು ಏಳಲಿಲ್ಲ. ಕೋಟಿನ ಗುಂಡಿ ಕೂಡ ಬಿಚ್ಚದೆ, ಯಾವ ಗಳಿಗೆಯಲ್ಲಾದರೂ ಎದ್ದು ಕೊಡಬೇಕಾದವನ ಹಾಗೆ ಕುರ್ಚಿಯ ಅಂಚಿನಲ್ಲೇ ಕೂತಿದ್ದ.